ಟೈಮಿಂಗ್ ಅರ್ಜಿ ಕೊಟ್ಟು ಒಂದೂವರೆ ವರ್ಷ: ಹೈಕೋರ್ಟಿಗೆ ಹೋದರೆ ಏನು ಸಿಗುತ್ತದೆ?

ಪ್ರಶ್ನೆ: ನನ್ನದು ಒಂದೇ ಬಸ್ಸು. ದಕ್ಷಿಣ ಕನ್ನಡ, ಉಡುಪಿ ಎರಡೂ ಜಿಲ್ಲೆಗೆ ತಾಗುವ ರೂಟು. ಪರ್ಮಿಟ್, ತೆರಿಗೆ, ಎಫ್‌ಸಿ ಎಲ್ಲ ಸರಿ ಇದೆ. ಬೆಳಿಗ್ಗೆಯ ಟ್ರಿಪ್ಪನ್ನು ಹತ್ತು ನಿಮಿಷ ಬೇಗ ಬಿಡಲು ಮತ್ತು ಸಂಜೆ ಒಂದು ಟ್ರಿಪ್ ಜಾಸ್ತಿ ಮಾಡಲು ಸಾರಿಗೆ ಪ್ರಾಧಿಕಾರಕ್ಕೆ ಅರ್ಜಿ ಕೊಟ್ಟು ಒಂದೂವರೆ ವರ್ಷ ಆಯಿತು. ಕೇಳಿದಾಗಲೆಲ್ಲ ‘ಮುಂದಿನ ಮೀಟಿಂಗಿಗೆ ಇಡ್ತೇವೆ’ ಅಂತಾರೆ. ಹೈಕೋರ್ಟಿನಿಂದ ಆರ್ಡರ್ ತಂದರೆ ಟೈಮಿಂಗ್ ಕೊಡಲೇಬೇಕು ಅಂತ ಒಬ್ಬರು ಹೇಳಿದರು. ಹೌದಾ? ಅಲ್ಲಿಯವರೆಗೆ ಹೊಸ ಟೈಮಿನಲ್ಲೇ ಓಡಿಸಿದರೆ ತೊಂದರೆ ಇದೆಯಾ? ನಮ್ಮ ಬಸ್ಸಿಗೆ ಬರುವ ಕಾಲೇಜು ಮಕ್ಕಳ ಕಡೆಯಿಂದ ಕೇಸು ಹಾಕಿಸಬಹುದಾ?

ಉತ್ತರ: ನಿಮಗೆ ಹೇಳಿದವರು ಅರ್ಧ ಸರಿ. ಹೈಕೋರ್ಟ್ ಟೈಮಿಂಗ್ ಕೊಡುವುದಿಲ್ಲ, ತೀರ್ಮಾನ ಕೊಡಿಸುತ್ತದೆ. ಆ ತೀರ್ಮಾನ ‘ಮಂಜೂರು’ ಅಂತ ಬರಬಹುದು, ‘ಆಗುವುದಿಲ್ಲ’ ಅಂತಲೂ ಬರಬಹುದು. ಹಾಗಾದರೆ ಇಷ್ಟು ಖರ್ಚು ಮಾಡಿ ಹೋಗುವುದು ಯಾಕೆ ಅಂತ ಕೇಳಬೇಡಿ. ‘ಆಗುವುದಿಲ್ಲ’ ಎಂಬ ಕಾಗದವೂ ಇವತ್ತು ನಿಮ್ಮ ಕೈಯಲ್ಲಿ ಇಲ್ಲ. ಅದೇ ನಿಮ್ಮ ನಿಜವಾದ ಕಷ್ಟ.

ಪ್ರಾಧಿಕಾರ ಪರ್ಮಿಟ್ ನಿರಾಕರಿಸಿದರೆ 1988ರ ಮೋಟಾರು ವಾಹನ ಕಾಯ್ದೆಯ ಸೆಕ್ಷನ್ 89ರಡಿ ರಾಜ್ಯ ಸಾರಿಗೆ ಮೇಲ್ಮನವಿ ನ್ಯಾಯಮಂಡಳಿಗೆ ಅಪೀಲು ಹೋಗಬಹುದು. ಅಪೀಲಿಗೆ ಅವಕಾಶ ಇಲ್ಲದ ಆದೇಶವಾದರೆ ಸೆಕ್ಷನ್ 90ರಡಿ ಅಲ್ಲಿಯೇ ರಿವಿಜನ್, ಅಂದರೆ ಆದೇಶವನ್ನು ಮತ್ತೆ ಪರಿಶೀಲಿಸಿ ಎಂಬ ಅರ್ಜಿ ಹಾಕಬಹುದು. ಸಮಯ ನಿಗದಿಯ ಆದೇಶಗಳು ಹೆಚ್ಚಾಗಿ ಈ ರಿವಿಜನ್ ದಾರಿಯಲ್ಲೇ ಹೋಗುತ್ತವೆ. ಆದರೆ ಎರಡಕ್ಕೂ ಮೊದಲು ಬೇಕಾದದ್ದು ಒಂದು ಆದೇಶ. ‘ಮುಂದಿನ ಮೀಟಿಂಗಿಗೆ ಇಡ್ತೇವೆ’ ಅನ್ನುವ ಬಾಯಿಮಾತಿನ ಮೇಲೆ ಯಾವ ನ್ಯಾಯಮಂಡಳಿಯೂ ಅಪೀಲು ಕೇಳುವುದಿಲ್ಲ. ಅರ್ಜಿಯನ್ನು ತಿರಸ್ಕರಿಸಿದವರಿಗಿಂತ ಸುಮ್ನೆ ಇಟ್ಟುಕೊಂಡವರ ಹತ್ತಿರ ಜಗಳ ಮಾಡುವುದು ಕಷ್ಟ, ಅಲ್ವಾ? ಈ ಗಂಟು ಬಿಡಿಸಲಿಕ್ಕೆ ಇರುವುದು ಸಂವಿಧಾನದ 226ನೇ ವಿಧಿಯ ರಿಟ್ ಅರ್ಜಿ. ಕೋರ್ಟಿನ ಭಾಷೆಯಲ್ಲಿ ಮ್ಯಾಂಡಮಸ್. ‘ಕಾನೂನು ನಿಮಗೆ ಒಪ್ಪಿಸಿದ ಕೆಲಸ ಮಾಡಿ’ ಅಂತ ಅಧಿಕಾರಿಗೆ ಹೇಳುವ ಆದೇಶ ಅದು. ಕೆಲಸವನ್ನು ಹೀಗೆಯೇ ಮಾಡಿ ಅಂತ ಅದರಲ್ಲಿ ಸಾಮಾನ್ಯವಾಗಿ ಇರುವುದಿಲ್ಲ.

ಪ್ರಾಧಿಕಾರಕ್ಕೆ ತೀರ್ಮಾನಿಸುವ ಹೊಣೆ ಇದೆಯಾ ಅಂದರೆ, ಖಂಡಿತ ಇದೆ. ಸೆಕ್ಷನ್ 70ರ ಪ್ರಕಾರ ಬಸ್ಸಿನ ಪರ್ಮಿಟ್ ಅರ್ಜಿಯಲ್ಲೇ ರೂಟು, ದಿನಕ್ಕೆ ಕನಿಷ್ಠ ಎಷ್ಟು, ಗರಿಷ್ಠ ಎಷ್ಟು ಟ್ರಿಪ್, ಅವುಗಳ ವೇಳಾಪಟ್ಟಿ ಏನು ಅಂತ ಬರೆದುಕೊಡಬೇಕು. ಪ್ರಾಧಿಕಾರ ಒಪ್ಪಿದ ವೇಳಾಪಟ್ಟಿಯ ಪ್ರತಿಯನ್ನು ಬಸ್ಸಿನಲ್ಲೂ, ಹೇಳಿದ ನಿಲ್ದಾಣಗಳಲ್ಲೂ ಹಾಕಬೇಕು ಎಂಬ ಶರತ್ತನ್ನು ಪರ್ಮಿಟ್ಟಿಗೆ ಸೇರಿಸಲು ಸೆಕ್ಷನ್ 72ರಲ್ಲಿ ಅವಕಾಶ ಇದೆ. ನಮ್ಮ ಕಡೆಯ ಎಷ್ಟು ಬಸ್ಸುಗಳಲ್ಲಿ ಅದು ಕಾಣುತ್ತದೆ ಅಂತ ನಾನು ಹೇಳಬೇಕಾಗಿಲ್ಲ. ಸೆಕ್ಷನ್ 80 ಇನ್ನೂ ಮುಂದೆ ಹೋಗಿ, ಪರ್ಮಿಟ್ ಅರ್ಜಿಯನ್ನು ಯಾವಾಗ ಬೇಕಾದರೂ ಹಾಕಬಹುದು, ಅದನ್ನು ಸಾಮಾನ್ಯವಾಗಿ ನಿರಾಕರಿಸಬಾರದು, ನಿರಾಕರಿಸಿದರೆ ಕಾರಣ ಬರೆದುಕೊಡಬೇಕು, ಅರ್ಜಿದಾರನ ಮಾತನ್ನೂ ಕೇಳಬೇಕು ಅನ್ನುತ್ತದೆ. ಇಷ್ಟೆಲ್ಲ ಹೇಳಿದ ಕಾಯ್ದೆ, 70ರಿಂದ 72ರವರೆಗಿನ ಸೆಕ್ಷನ್‌ಗಳಲ್ಲಿ ಎಲ್ಲಿಯೂ ‘ಇಂತಿಷ್ಟು ದಿನದೊಳಗೆ ತೀರ್ಮಾನಿಸಿ’ ಅಂತ ಗಡುವು ಹಾಕಿಲ್ಲ. ಕಡತ ಮಲಗುವುದು ಈ ಸಂದಿಯಲ್ಲಿಯೇ. ಗಡುವು ಇಲ್ಲ ಅಂದರೆ ಎಷ್ಟು ಬೇಕಾದರೂ ಎಳೆಯಬಹುದು ಅಂತ ಅಲ್ಲ, ನ್ಯಾಯವಾದ ಕಾಲದೊಳಗೆ ಮುಗಿಸಬೇಕು ಅಂತ ಕೋರ್ಟುಗಳು ಅರ್ಥ ಮಾಡುತ್ತವೆ. ಆ ನ್ಯಾಯವಾದ ಕಾಲಕ್ಕೆ ವಾರಗಳ ಲೆಕ್ಕ ಕೊಡುವುದೇ ನೀವು ಕೇಳುವ ಆದೇಶ.

ಕಡತ ಯಾಕೆ ನಿಲ್ಲುತ್ತದೆ ಅನ್ನುವುದನ್ನೂ ಸ್ವಲ್ಪ ತಿಳಿದುಕೊಳ್ಳಿ. ಎಲ್ಲದಕ್ಕೂ ಯಾರದೋ ಕೈವಾಡ ಹುಡುಕಬೇಡಿ. ಜಿಲ್ಲೆಯ ಪ್ರಾದೇಶಿಕ ಸಾರಿಗೆ ಪ್ರಾಧಿಕಾರಕ್ಕೆ ಜಿಲ್ಲಾಧಿಕಾರಿ ಅಧ್ಯಕ್ಷರು, ಆರ್‌ಟಿಒ ಕಾರ್ಯದರ್ಶಿ. ಮಳೆಗಾಲದ ನೆರೆ, ಚುನಾವಣೆ, ಮಂತ್ರಿಗಳ ಭೇಟಿ ಇವುಗಳ ನಡುವೆ ಡಿಸಿಯವರಿಗೆ ಬಸ್ಸಿನ ಟೈಮಿಂಗ್ ನೆನಪಾಗುವುದು ಕಷ್ಟವೇ. ಸೆಕ್ಷನ್ 68ರಲ್ಲಿ ಅಧಿಕಾರ ವಹಿಸಿಕೊಡುವ ದಾರಿ ಇದೆ. ಹಾಗಾಗಿ ನಿಮ್ಮ ವಿಷಯ ಪೂರ್ತಿ ಪ್ರಾಧಿಕಾರದ ಮುಂದೆ ಬರಬೇಕಾದದ್ದಾ, ಕಾರ್ಯದರ್ಶಿ ಮಟ್ಟದ ಟೈಮಿಂಗ್ಸ್ ಮೀಟಿಂಗಿನಲ್ಲೇ ಮುಗಿಯುವಂಥದ್ದಾ ಅಂತ ಮೊದಲೇ ವಿಚಾರಿಸಿ. ಇನ್ನೊಂದು ಕಾರಣ ನಿಮಗೂ ಗೊತ್ತು. ನಿಮ್ಮ ಮುಂದಿನ ಬಸ್ಸಿನವರು, ಹಿಂದಿನ ಬಸ್ಸಿನವರು. ನೀವು ಹತ್ತು ನಿಮಿಷ ಬೇಗ ಹೊರಟರೆ ಯಾರದೋ ಕಲೆಕ್ಷನ್ ಕಡಿಮೆ ಆಗುತ್ತದೆ. ಅವರು ತಕರಾರು ಕೊಡುತ್ತಾರೆ, ಒಂದು ಸಲ ವಕೀಲರು ಬರುವುದಿಲ್ಲ, ಇನ್ನೊಂದು ಸಲ ಸಮಯ ಕೇಳುತ್ತಾರೆ. ಕರಾವಳಿಯಲ್ಲಿ ಹೆಚ್ಚಿನ ರೂಟುಗಳು ಖಾಸಗಿಯವರ ಕೈಯಲ್ಲೇ ಉಳಿದಿರುವುದರಿಂದ ಇಲ್ಲಿನಷ್ಟು ನಿಮಿಷದ ಜಗಳ ರಾಜ್ಯದ ಬೇರೆ ಕಡೆ ಕಾಣುವುದಿಲ್ಲ. ಇಲ್ಲಿ ಕೆಎಸ್‌ಆರ್‌ಟಿಸಿಯೂ ಎಷ್ಟೋ ರೂಟುಗಳಲ್ಲಿ ನಿಮ್ಮ ಹಾಗೆಯೇ ಅರ್ಜಿ ಹಿಡಿದು ಸಾಲಿನಲ್ಲಿ ನಿಲ್ಲಬೇಕು. 2023ರ ಜೂನ್ 11ರಂದು ಶಕ್ತಿ ಯೋಜನೆ ಶುರುವಾದ ಮೇಲೆ ‘ನಮ್ಮೂರಿಗೂ ಸರಕಾರಿ ಬಸ್ಸು ಕೊಡಿ’ ಎಂಬ ಬೇಡಿಕೆಯೂ ಜೋರಾಯಿತು. ಆ ಅರ್ಜಿಗಳೂ ಇದೇ ಮೇಜಿಗೆ ಬರುತ್ತವೆ.

ಒಂದು ವ್ಯತ್ಯಾಸ ನೆನಪಿಡಿ. 1939ರ ಹಳೆಯ ಕಾಯ್ದೆಯಲ್ಲಿ ಇದ್ದ ಬಸ್ಸಿನವರು ಹೊಸಬರ ಪರ್ಮಿಟ್ಟಿಗೇ ತಕರಾರು ಮಾಡಬಹುದಿತ್ತು. 1988ರ ಕಾಯ್ದೆ ಆ ಹಕ್ಕನ್ನು ಕೈಬಿಟ್ಟಿತು. ಮಿಥಿಲೇಶ್ ಗರ್ಗ್ ಪ್ರಕರಣದಲ್ಲಿ 1991ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟವಾಗಿ ಹೇಳಿದೆ. ಪೈಪೋಟಿ ಜಾಸ್ತಿ ಆಗುತ್ತದೆ ಅನ್ನುವುದು ಪರ್ಮಿಟ್ ತಡೆಯಲಿಕ್ಕೆ ಕಾರಣ ಅಲ್ಲ. ಆದರೆ ಟೈಮಿಂಗ್ ಹೊಂದಿಸುವಾಗ ಆ ರೂಟಿನ ಉಳಿದವರ ಮಾತು ಕೇಳುವುದು ಬೇರೆ ವಿಷಯ. ಅದನ್ನು ತಪ್ಪು ಅನ್ನಲಿಕ್ಕಾಗುವುದಿಲ್ಲ. ಎರಡು ಬಸ್ಸು ಒಂದೇ ನಿಮಿಷಕ್ಕೆ ಹೊರಟರೆ ಏನಾಗುತ್ತದೆ ಅಂತ ಹೆದ್ದಾರಿ 66ರಲ್ಲಿ ಪಡುಬಿದ್ರಿ, ಮೂಲ್ಕಿ ಕಡೆ ನಿಂತು ನೋಡಿದವರಿಗೆಲ್ಲ ಗೊತ್ತು ಮಾರಾಯ್ರೆ.

ಈಗ ನಿಮ್ಮ ಅರ್ಜಿಗೆ ಬರೋಣ. ಒಂದೇ ಕಾಗದದಲ್ಲಿ ಎರಡು ಬೇರೆ ಬೇರೆ ವಿಷಯ ಕೇಳಿದ್ದೀರಿ. ಬೆಳಿಗ್ಗೆಯ ಟ್ರಿಪ್ ಹತ್ತು ನಿಮಿಷ ಬೇಗ ಬಿಡುವುದು ಬರೀ ಸಮಯದ ಬದಲಾವಣೆ. ಸಂಜೆ ಇನ್ನೊಂದು ಟ್ರಿಪ್ ಹಾಗಲ್ಲ. ನಿಮ್ಮ ಪರ್ಮಿಟ್ಟಿನಲ್ಲಿ ಬರೆದ ಗರಿಷ್ಠ ಟ್ರಿಪ್ ಸಂಖ್ಯೆ ದಾಟುವುದಾದರೆ, ಸೆಕ್ಷನ್ 80(3)ರ ಪ್ರಕಾರ ಅದನ್ನು ಹೊಸ ಪರ್ಮಿಟ್ ಅರ್ಜಿ ಅಂತಲೇ ನೋಡಬೇಕಾಗುತ್ತದೆ. ಆ ರೂಟಿನಲ್ಲಿ ನಿಮ್ಮದೊಂದೇ ಸರ್ವಿಸ್ ಇದ್ದು, ಬಸ್ಸಿನ ಸಂಖ್ಯೆ ಜಾಸ್ತಿ ಮಾಡದೆ ಟ್ರಿಪ್ ಮಾತ್ರ ಜಾಸ್ತಿ ಮಾಡುವುದಾದರೆ ವಿನಾಯಿತಿ ಇದೆ. ಆದರೆ ನಮ್ಮ ಎರಡು ಜಿಲ್ಲೆಗಳಲ್ಲಿ ಒಂದೇ ಬಸ್ಸು ಓಡುವ ರೂಟು ಹುಡುಕಿದರೆ ಎಲ್ಲೋ ಒಳಗೆ ಸಿಕ್ಕೀತು. ಹಾಗಾಗಿ ಮೊದಲು ಪರ್ಮಿಟ್ ತೆಗೆದು ಗರಿಷ್ಠ ಎಷ್ಟು ಟ್ರಿಪ್ ಅಂತ ನೋಡಿ. ಸಂಜೆಯ ಟ್ರಿಪ್ ಆ ಮಿತಿಯೊಳಗೆ ಬಂದರೆ ನಿಮ್ಮ ಇಡೀ ಅರ್ಜಿ ಬರೀ ವೇಳಾಪಟ್ಟಿಯದ್ದು. ಮಿತಿ ಮೀರಿದರೆ ಎರಡನ್ನೂ ಬೇರೆ ಮಾಡಿ, ಸಂಜೆಯ ಟ್ರಿಪ್ಪಿಗೆ ಪ್ರತ್ಯೇಕ ಅರ್ಜಿ ಹಾಕಿ. ಇಲ್ಲದಿದ್ದರೆ ಸುಲಭದ ಬೆಳಗಿನ ಬದಲಾವಣೆ ಕಷ್ಟದ ಸಂಜೆಯ ಟ್ರಿಪ್ಪಿಗೆ ಕಟ್ಟಿಹಾಕಿಕೊಂಡು ಎರಡೂ ನಿಲ್ಲುತ್ತವೆ. ಈಗ ನಿಂತಿರುವುದಕ್ಕೂ ಇದು ಒಂದು ಕಾರಣ ಇರಬಹುದು.

ಎರಡು ಜಿಲ್ಲೆಯ ರೂಟು ಅಂದಿರಿ. 1997ರವರೆಗೆ ಇದೆಲ್ಲ ಒಂದೇ ಜಿಲ್ಲೆ. ಉಡುಪಿ ಬೇರೆಯಾದ ಮೇಲೂ ಪ್ರಯಾಣಿಕರಿಗೆ ಗಡಿ ಗೊತ್ತಾಗುವುದಿಲ್ಲ, ಪರ್ಮಿಟ್ಟಿಗೆ ಗೊತ್ತಾಗುತ್ತದೆ. ಸೆಕ್ಷನ್ 69ರ ಪ್ರಕಾರ ರೂಟಿನ ದೊಡ್ಡ ಭಾಗ ಯಾವ ಪ್ರಾಧಿಕಾರದ ವ್ಯಾಪ್ತಿಯಲ್ಲಿ ಇದೆಯೋ ಅಲ್ಲಿಗೆ ಅರ್ಜಿ ಹೋಗಬೇಕು. ಇನ್ನೊಂದು ಜಿಲ್ಲೆಯಲ್ಲಿ ಆ ಪರ್ಮಿಟ್ ನಡೆಯಲಿಕ್ಕೆ ಸೆಕ್ಷನ್ 88ರ ಕೌಂಟರ್ ಸಿಗ್ನೇಚರ್, ಅಂದರೆ ಅಲ್ಲಿಯ ಪ್ರಾಧಿಕಾರದ ಒಪ್ಪಿಗೆ ಸಹಿಯ ವಿಷಯ ಬರುತ್ತದೆ. ನಿಮ್ಮ ಕಡತ ಈಗ ಯಾವ ಕಡೆ ಇದೆ? ಅಲ್ಲಿಂದ ಅಭಿಪ್ರಾಯ ಕೇಳಲು ಈ ಕಡೆ ಬಂದು ಇಲ್ಲೇ ಕೂತಿದೆಯಾ? ಇದು ಗೊತ್ತಿಲ್ಲದೆ ಕೋರ್ಟಿಗೆ ಹೋದರೆ ಒಬ್ಬರನ್ನು ಬಿಟ್ಟು ಇನ್ನೊಬ್ಬರ ಮೇಲೆ ಆದೇಶ ತಂದ ಹಾಗಾಗುತ್ತದೆ. ಬೇಕಾದರೆ ಎರಡೂ ಪ್ರಾಧಿಕಾರಗಳನ್ನು ಎದುರುದಾರರನ್ನಾಗಿ ಮಾಡಿ.

ಆದ್ದರಿಂದ ವಕೀಲರ ಹತ್ತಿರ ಹೋಗುವ ಮೊದಲು ಮಾಹಿತಿ ಹಕ್ಕು ಕಾಯ್ದೆಯಡಿ ಒಂದು ಅರ್ಜಿ ಹಾಕಿ. 30 ದಿನದೊಳಗೆ ಉತ್ತರ ಕೊಡಬೇಕು. ಕೇಳಬೇಕಾದದ್ದು ಇಷ್ಟೇ: ಇಂಥ ದಿನಾಂಕದ ನನ್ನ ಅರ್ಜಿಯ ಈಗಿನ ಸ್ಥಿತಿ ಏನು, ಯಾವ ಸಭೆಯಲ್ಲಿ ಬಂತು, ಏನು ಬರೆದಿದ್ದಾರೆ, ತಕರಾರು ಇದ್ದರೆ ಅದರ ಪ್ರತಿ, ವಾಹನ ನಿರೀಕ್ಷಕರ ವರದಿ ಇದ್ದರೆ ಅದರ ಪ್ರತಿ. ಇದರಲ್ಲಿ ಎರಡು ಲಾಭ. ಕಡತದಲ್ಲಿ ಏನಿದೆ ಅಂತ ತಿಳಿಯುತ್ತದೆ. ಒಂದೂವರೆ ವರ್ಷ ನೀವು ಸುಮ್ನೆ ಕೂತಿರಲಿಲ್ಲ ಅನ್ನುವುದಕ್ಕೂ ದಾಖಲೆಯಾಗುತ್ತದೆ.

ಇದಕ್ಕಿಂತ ಮುಖ್ಯವಾದ ಇನ್ನೊಂದು ಕಾರಣ ಇದೆ. ಕೆಲವು ಸಲ ಅರ್ಜಿ ಬಾಕಿ ಇದೆ ಅಂತ ಮಾಲಕರು ತಿಳಿದುಕೊಂಡಿರುತ್ತಾರೆ, ಕಡತದಲ್ಲಿ ನೋಡಿದರೆ ಯಾವುದೋ ಸಭೆಯಲ್ಲಿ ಅದನ್ನು ತಿರಸ್ಕರಿಸಿ ಆಗಿರುತ್ತದೆ. ‘ಮುಂದೂಡಲಾಗಿದೆ’ ಅಂತ ಇದ್ದರೆ ಮ್ಯಾಂಡಮಸ್ ಸರಿ. ‘ತಿರಸ್ಕರಿಸಲಾಗಿದೆ’ ಅಂತ ಇದ್ದರೆ ಹಾದಿ ಬೇರೆ. ಸೆಕ್ಷನ್ 90ರ ರಿವಿಜನ್ ಆದೇಶದ ದಿನದಿಂದ 30 ದಿನದೊಳಗೆ ಹಾಕಬೇಕು. ತಡವಾದರೆ ಸಾಕಷ್ಟು ಕಾರಣ ತೋರಿಸಬೇಕು. ಆದೇಶದ ಪ್ರತಿಯೇ ಕೊಟ್ಟಿಲ್ಲ ಅನ್ನುವುದು ಒಳ್ಳೆಯ ಕಾರಣ. ಇಂಥ ಸಂದರ್ಭದಲ್ಲಿ ಹೊಸದಾಗಿ ಒಂದು ಮನವಿ ಕೊಟ್ಟು, ಅದನ್ನು ‘ಪರಿಗಣಿಸಿ’ ಅಂತ ಹೈಕೋರ್ಟಿನಿಂದ ಆದೇಶ ತಂದರೆ ಹಳೆಯದು ಜೀವ ಪಡೆಯುತ್ತದೆ ಅಂತ ಹೇಳುವವರು ಇದ್ದಾರೆ. ಸಿ. ಜೇಕಬ್ ಪ್ರಕರಣದಲ್ಲಿ 2008ರಲ್ಲೇ ಸುಪ್ರೀಂ ಕೋರ್ಟ್ ಈ ದಾರಿಗೆ ಕಲ್ಲು ಇಟ್ಟಿದೆ. ಮುಗಿದುಹೋದ ವಿಷಯ ಒಂದು ‘ಪರಿಗಣಿಸಿ’ ಆದೇಶದಿಂದ ಮತ್ತೆ ಶುರುವಾಗುವುದಿಲ್ಲ.

‘ಪರಿಗಣಿಸಿ’ ಅನ್ನುವ ಆದೇಶದ ಬಗ್ಗೆಯೇ ಸುಪ್ರೀಂ ಕೋರ್ಟ್ 2006ರಲ್ಲಿ ಒಂದು ಒಳ್ಳೆಯ ತೀರ್ಪು ಕೊಟ್ಟಿದೆ. ಅದೂ ಬಸ್ಸಿನವರದ್ದೇ ಕೇಸು, ಆಂಧ್ರದ ರಸ್ತೆ ಸಾರಿಗೆ ನಿಗಮ ಮತ್ತು ಶ್ರೀನಿವಾಸ ರೆಡ್ಡಿ ನಡುವಿನದ್ದು. ವಿಷಯ ಮಾತ್ರ ಟೈಮಿಂಗ್ ಅಲ್ಲ, ನೌಕರಿಯದ್ದು. ಅಧಿಕಾರಿ ಅರ್ಜಿ ನೋಡಲೇ ಇಲ್ಲ ಅಂತಾದರೆ ‘ಪರಿಗಣಿಸಿ’ ಅನ್ನುವುದು ಸರಿ. ಆದರೆ ಕೋರ್ಟು ಹಾಗೆ ಹೇಳಿತು ಅಂದ ಮಾತ್ರಕ್ಕೆ ಅರ್ಜಿದಾರನಿಗೆ ಹಕ್ಕು ಇದೆ ಅಂತ ಒಪ್ಪಿದ ಹಾಗಲ್ಲ. ನಿಮ್ಮ ಪ್ರಕರಣ ಅಧಿಕಾರಿ ಅರ್ಜಿ ನೋಡಲೇ ಇಲ್ಲ ಅನ್ನುವ ಜಾತಿಯದ್ದು, ಆರ್‌ಟಿಐ ಉತ್ತರ ಬೇರೆ ಏನೂ ಹೇಳದಿದ್ದರೆ.

ಕೋರ್ಟಿಗೆ ಹೋಗುವ ಮುಂಚೆ ಲಿಖಿತವಾಗಿ ಒಂದು ಕೊನೆಯ ಮನವಿ ಕೊಡಿ. ಮ್ಯಾಂಡಮಸ್ ಕೇಳುವವನು ಮೊದಲು ಅಧಿಕಾರಿಯ ಹತ್ತಿರ ಕೇಳಿರಬೇಕು, ಅಲ್ಲಿ ಸಿಕ್ಕಿರಬಾರದು ಅನ್ನುವುದು ಹಳೆಯ ನಿಯಮ. ಟಪಾಲು ವಿಭಾಗದಲ್ಲಿ ಸೀಲು ಹಾಕಿಸಿಕೊಂಡ ಪ್ರತಿ ಇಟ್ಟುಕೊಳ್ಳಿ. ಕೌಂಟರಿನಲ್ಲಿ ನಿಂತು ಹತ್ತು ಸಲ ಕೇಳಿದ್ದು ಕೋರ್ಟಿನ ಲೆಕ್ಕಕ್ಕೆ ಬರುವುದಿಲ್ಲ, ಸೀಲು ಬಿದ್ದ ಒಂದು ಹಾಳೆ ಬರುತ್ತದೆ.

ನೀವು ಕೊಟ್ಟ ವೇಳಾಪಟ್ಟಿಯನ್ನೂ ಇನ್ನೊಮ್ಮೆ ಕಿಲೋಮೀಟರ್ ಹಿಡಿದು ಲೆಕ್ಕ ಹಾಕಿ. ವೇಳಾಪಟ್ಟಿ ನೋಡಿದರೆ ವೇಗದ ಮಿತಿ ಮೀರಲೇಬೇಕು ಅಂತ ಕಂಡರೆ ಸೆಕ್ಷನ್ 71ರ ಪ್ರಕಾರ ಪ್ರಾಧಿಕಾರ ನಿರಾಕರಿಸಲೇಬೇಕು. ಅದಕ್ಕೆ ಮೊದಲು ತಿದ್ದಿಕೊಡಲು ಅವಕಾಶ ಕೊಡಬೇಕು, ಅಷ್ಟೇ. ಬೆಳಗಿನ ಟ್ರಾಫಿಕ್ಕಿನಲ್ಲಿ ಸುರತ್ಕಲ್, ಕೂಳೂರು, ನಂತೂರು ದಾಟಿ ಮಂಗಳೂರಿನ ಸ್ಟೇಟ್ ಬ್ಯಾಂಕ್ ಬಸ್ ನಿಲ್ದಾಣ ಮುಟ್ಟಲು ಹಿಂದೆ ಸಾಕಾಗುತ್ತಿದ್ದ ರನ್ನಿಂಗ್ ಟೈಮ್ ಈಗ ಸಾಕಾಗುವುದಿಲ್ಲ. ನಿಜ ಹೇಳಬೇಕೆಂದರೆ ‘ರಸ್ತೆಯ ಪರಿಸ್ಥಿತಿ ಬದಲಾಗಿದೆ, ಡ್ರೈವರ್ ಮೇಲೆ ಒತ್ತಡ ಬೀಳುತ್ತಿದೆ, ಆದ್ದರಿಂದ ಬೇಗ ಹೊರಡಬೇಕು’ ಎಂಬ ಕಾರಣ, ‘ನನಗೆ ಕಲೆಕ್ಷನ್ ಬೇಕು’ ಎಂಬ ಕಾರಣಕ್ಕಿಂತ ನೂರು ಪಾಲು ಗಟ್ಟಿ. ಅದು ನಿಜವಾಗಿದ್ದರೆ ಅರ್ಜಿಯಲ್ಲಿ ಬರೆಯಿರಿ.

ರಿಟ್ ಅರ್ಜಿ ಬೆಂಗಳೂರಿನಲ್ಲೇ ಹಾಕಬೇಕು. ಧಾರವಾಡ, ಕಲಬುರಗಿಗೆ ಪೀಠ ಬಂತು, ಕರಾವಳಿಗೆ ಬೇಕು ಎಂಬ ಕೂಗು ಇನ್ನೂ ಕೂಗಾಗಿಯೇ ಇದೆ. ಏನು ಕೇಳಬೇಕು ಅನ್ನುವುದರಲ್ಲಿ ಜಾಗ್ರತೆ ಇರಲಿ. ‘ನನಗೆ ಈ ಸಮಯವನ್ನೇ ಕೊಡಿಸಿ’ ಅಂತ ಕೇಳಬೇಡಿ. ಟೈಮಿಂಗ್ ಹೊಂದಿಸುವುದು ಪ್ರಾಧಿಕಾರದ ಕೆಲಸ, ಹೈಕೋರ್ಟ್ ನಿಮಿಷ ಎಣಿಸಲು ಕೂರುವುದಿಲ್ಲ. ‘ಇಂಥ ದಿನಾಂಕದ ನನ್ನ ಅರ್ಜಿಯನ್ನು, ತಕರಾರುದಾರರಿದ್ದರೆ ಅವರ ಮಾತನ್ನೂ ಕೇಳಿ, ಇಷ್ಟು ವಾರದೊಳಗೆ ಕಾರಣ ಸಹಿತ ಆದೇಶ ಮಾಡಿ ನನಗೆ ತಿಳಿಸಲು ನಿರ್ದೇಶಿಸಿ’ ಅಂತ ಕೇಳಿ. ಇಷ್ಟು ಸಣ್ಣ ಬೇಡಿಕೆಗೆ ಸರಕಾರಿ ವಕೀಲರೂ ದೊಡ್ಡ ವಿರೋಧ ಮಾಡುವುದಿಲ್ಲ. ಎಷ್ಟೋ ಸಲ ಮೊದಲ ಒಂದೆರಡು ವಿಚಾರಣೆಯಲ್ಲೇ ‘ಅರ್ಜಿಯ ಗುಣಾವಗುಣದ ಬಗ್ಗೆ ನಾವು ಏನೂ ಹೇಳುವುದಿಲ್ಲ’ ಎಂಬ ಸಾಲಿನೊಂದಿಗೆ ಆದೇಶ ಆಗಿಬಿಡುತ್ತದೆ.

ತಕರಾರು ಇರುವುದನ್ನು ಮುಚ್ಚಿಡಬೇಡಿ. ಎದುರು ಬಸ್ಸಿನವರು ತಕರಾರು ಕೊಟ್ಟಿದ್ದು ನಿಮಗೆ ಗೊತ್ತಿದ್ದೂ ಹೇಳದೆ ಆದೇಶ ತಂದರೆ ಅವರು ನಾಳೆ ಅದೇ ಕೋರ್ಟಿಗೆ ಹೋಗಿ ಆದೇಶ ವಾಪಸು ಮಾಡಿಸಲು ನೋಡುತ್ತಾರೆ. ಗೆದ್ದ ಆರು ತಿಂಗಳು ಹೋಗುತ್ತದೆ, ಹೆಸರೂ ಹಾಳು.

ಆದೇಶ ಸಿಕ್ಕಿದ ಮೇಲೆ ಹೆಚ್ಚಿನವರು ಮನೆಗೆ ಬಂದು ಕಾಯುತ್ತಾ ಕೂರುತ್ತಾರೆ. ಇಂಥ ಆದೇಶಗಳಲ್ಲಿ ಸಾಮಾನ್ಯವಾಗಿ ‘ಈ ಆದೇಶದ ದೃಢೀಕೃತ ಪ್ರತಿ ತಲುಪಿದ ದಿನದಿಂದ ಇಷ್ಟು ವಾರ’ ಅಂತ ಇರುತ್ತದೆ. ಅಂದರೆ ಪ್ರತಿಯನ್ನು ನೀವು ಕಚೇರಿಗೆ ತಲುಪಿಸುವವರೆಗೆ ಗಡಿಯಾರ ಶುರುವಾಗುವುದೇ ಇಲ್ಲ. ಪ್ರತಿ ತೆಗೆದು, ಮೂಲ ಅರ್ಜಿ ಮತ್ತು ವೇಳಾಪಟ್ಟಿಯ ಜೊತೆ ಲಗತ್ತಿಸಿ, ಮೇಲೊಂದು ಪತ್ರ ಬರೆದು ಕಾರ್ಯದರ್ಶಿಗೆ ಕೊಡಿ, ಸೀಲು ಹಾಕಿಸಿ. ವಾರ ಎಣಿಸುವುದು ಅಲ್ಲಿಂದ. ವಿಚಾರಣೆಗೆ ನೋಟಿಸು ಬಂದರೆ ತಪ್ಪಿಸಬೇಡಿ. ನೀವೇ ಸಮಯ ಕೇಳಿದರೆ ಆಮೇಲೆ ಅವರ ತಡವನ್ನು ಎತ್ತಿ ತೋರಿಸುವ ಬಾಯಿ ಇರುವುದಿಲ್ಲ.

ಗಡುವು ಮುಗಿದರೂ ಆದೇಶ ಬರದಿದ್ದರೆ ಒಂದು ನೆನಪಿನ ಪತ್ರ, ಆಮೇಲೆ ನ್ಯಾಯಾಂಗ ನಿಂದನೆ ಅರ್ಜಿ. ಅದಕ್ಕೆ ಒಂದು ವರ್ಷದ ಮಿತಿ ಇದೆ, ಮರೆಯಬೇಡಿ. ಬೇಕೆಂದೇ ಆದೇಶ ಮೀರಿದ್ದಾರೆ ಅಂತ ತೋರಿಸಬೇಕಾಗುತ್ತದೆ. ಅಧಿಕಾರಿಗಳು ಬಂದು ಇನ್ನಷ್ಟು ಸಮಯ ಕೇಳಿದರೆ ಕೋರ್ಟು ಕೊಡುವುದೂ ಇದೆ. ನನ್ನ ಅಭಿಪ್ರಾಯ ಕೇಳಿದರೆ, ನೋಟಿಸು ಹೋಗುವುದೇ ಇದರ ದೊಡ್ಡ ಉಪಯೋಗ. ಮುಂದಿನ ವಿಚಾರಣೆಗೆ ಮುಂಚೆ ಕಡತಕ್ಕೆ ಕಾಲು ಬರುತ್ತದೆ. ಆದರೆ ಆ ಹೊತ್ತಿಗೆ ಪ್ರಾಧಿಕಾರ ನಿಮ್ಮ ವಿರುದ್ಧ ಆದೇಶ ಮಾಡಿದರೆ ನಿಂದನೆ ಅರ್ಜಿ ಅಲ್ಲಿಗೆ ಮುಗಿಯಿತು. ಆದೇಶ ಸರಿಯಾ ತಪ್ಪಾ ಅಂತ ನಿಂದನೆ ಪ್ರಕರಣದಲ್ಲಿ ನೋಡುವುದಿಲ್ಲ, ಅದಕ್ಕೆ ಹೊಸದಾಗಿ ಪ್ರಶ್ನೆ ಮಾಡಬೇಕು ಅಂತ ಜೆ.ಎಸ್. ಪರಿಹಾರ್ ಎಂಬವರ ಪ್ರಕರಣದಲ್ಲಿ 1996ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಆಗ ಹೊರಡಬೇಕಾದದ್ದು ನ್ಯಾಯಮಂಡಳಿಗೆ. ಈ ಸಲ ನಿಮ್ಮ ಕೈಯಲ್ಲಿ ಕಾರಣ ಬರೆದ ಆದೇಶ ಇರುತ್ತದೆ. ಅಲ್ಲಿ ಬರೆಯದ ಕಾರಣವನ್ನು ಆಮೇಲೆ ಕೋರ್ಟಿಗೆ ಕೊಡುವ ಅಫಿದವಿತ್ತಿನಲ್ಲಿ (ಪ್ರಮಾಣಪತ್ರದಲ್ಲಿ) ಸೇರಿಸಲು ಅವರಿಗೂ ಸುಲಭ ಇಲ್ಲ. ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ 1977ರಲ್ಲೇ ಸುಪ್ರೀಂ ಕೋರ್ಟ್ ಹೇಳಿದ ನಿಯಮ ಅದು.

ಅಲ್ಲಿಯವರೆಗೆ ಹೊಸ ಟೈಮಿನಲ್ಲಿ ಓಡಿಸಬಹುದಾ ಅಂತ ಕೇಳಿದ್ದೀರಿ. ಬೇಡ. ಅರ್ಜಿಗೆ ಉತ್ತರ ಬಾರದಿದ್ದರೆ ಒಪ್ಪಿದ ಹಾಗೆ ಎಂಬ ನಿಯಮ ಇಲ್ಲಿ ಇಲ್ಲ. ಪ್ರಾಧಿಕಾರ ಹೇಳಿದಷ್ಟು ನಿಮಿಷದ ಹೆಚ್ಚುಕಡಿಮೆ ಮಾತ್ರ ನಡೆಯುತ್ತದೆ. ಅದಕ್ಕಿಂತ ಹೆಚ್ಚಾದರೆ ಪರ್ಮಿಟ್ಟಿನ ಶರತ್ತು ಮುರಿದ ಹಾಗೆ, ಸೆಕ್ಷನ್ 86ರಡಿ ಪರ್ಮಿಟ್ ಅಮಾನತು ಅಥವಾ ರದ್ದು ಮಾಡಲು ಅವರಿಗೆ ಕಾರಣ ಸಿಗುತ್ತದೆ. ಒಂದೂವರೆ ವರ್ಷ ನೋಡದ ಕಡತವನ್ನು ಅವತ್ತು ಮಾತ್ರ ಬೇಗ ನೋಡುತ್ತಾರೆ. ಎದುರು ಬಸ್ಸಿನವರು, ನಿಲ್ದಾಣದಲ್ಲಿ ಬಸ್ಸುಗಳ ಸಮಯ ಬರೆದಿಡುವ ಟೈಮ್ ಕೀಪರ್ ಪುಸ್ತಕದ ಫೋಟೋ ತೆಗೆದು ಹಿಡಿದುಕೊಂಡು ನಿಂತಿರುತ್ತಾರೆ. ಸೆಕ್ಷನ್ 87ರ ತಾತ್ಕಾಲಿಕ ಪರ್ಮಿಟ್ ಇದೆಯಲ್ಲ ಅಂದರೆ, ಅದು ಜಾತ್ರೆ, ಸೀಸನ್, ತಾತ್ಕಾಲಿಕ ಅಗತ್ಯ, ನವೀಕರಣ ಬಾಕಿ ಇರುವ ಸಮಯ ಇಂಥವಕ್ಕೆ, ಅದೂ ನಾಲ್ಕು ತಿಂಗಳ ಒಳಗೆ. ಟೈಮಿಂಗ್ ಬದಲಿಸಲು ಅದು ಹಿಂಬಾಗಿಲು ಅಲ್ಲ.

ಕಾಲೇಜು ಮಕ್ಕಳನ್ನು ಮುಂದೆ ಬಿಟ್ಟು ಕೇಸು ಹಾಕಿಸುವುದು ನನಗೆ ಇಷ್ಟ ಇಲ್ಲ. ಬಾಕಿ ಇರುವುದು ನಿಮ್ಮ ಅರ್ಜಿ, ತೀರ್ಮಾನ ಕೇಳುವ ಹಕ್ಕೂ ನಿಮ್ಮದು. ಹಿಂದೆ ಬಸ್ ಮಾಲಕರು ಇದ್ದಾರೆ ಅಂತ ಗೊತ್ತಾದರೆ ಸಾರ್ವಜನಿಕ ಹಿತಾಸಕ್ತಿ ಅರ್ಜಿಗೆ ಅಲ್ಲಿಗೇ ಮರ್ಯಾದೆ ಹೋಗುತ್ತದೆ. ಮಕ್ಕಳಿಗೆ ನಿಜವಾಗಿ ಆ ಸಮಯಕ್ಕೆ ಬಸ್ಸು ಬೇಕಿದ್ದರೆ ಅವರು, ಪೋಷಕರು, ಪಂಚಾಯತಿನವರು ಪ್ರಾಧಿಕಾರದ ಅಧ್ಯಕ್ಷರಿಗೆ ನೇರವಾಗಿ ಬರೆಯಲಿ. ಕಾಲೇಜು ಎಷ್ಟು ಗಂಟೆಗೆ ಶುರು, ಈಗಿನ ಬಸ್ಸು ಎಷ್ಟು ಗಂಟೆಗೆ ಮುಟ್ಟುತ್ತದೆ, ಎಷ್ಟು ಮಕ್ಕಳು ಬಾಗಿಲಲ್ಲಿ ನೇತಾಡುತ್ತಾರೆ ಅಂತ ಮಾತ್ರ ಬರೆಯಲಿ. ಯಾರ ಬಸ್ಸು ಬೇಕು ಅಂತ ಬೇಡ. ಆ ಮನವಿಯ ಪ್ರತಿಯನ್ನು ಟೈಮಿಂಗ್ಸ್ ಮೀಟಿಂಗಿನ ದಿನ ನಿಮ್ಮ ಕಡತದ ಜೊತೆ ಹಾಜರು ಮಾಡಬಹುದು.